ತಿಂಗಳ ಹಣ, ಬೆಳೆಯುವ ಹಣ

2019ರ ಜೂನ್ 10. ಈದುಲ್ ಫಿತ್ರ್ ಕಳೆದು ವಾರವೂ ಆಗಿರಲಿಲ್ಲ. ಬೆಂಗಳೂರಿನ ಶಿವಾಜಿನಗರದಲ್ಲಿ ಐ ಮಾನಿಟರಿ ಅಡ್ವೈಸರಿ, ಅಂದರೆ ಜನರ ಬಾಯಲ್ಲಿ ‘ಐಎಂಎ’, ಕಚೇರಿಯ ಮುಂದೆ ಸಾವಿರಾರು ಮಂದಿ ಸೇರಿದ್ದರು. ಮಾಲೀಕ ಮನ್ಸೂರ್ ಖಾನ್ ದೇಶ ಬಿಟ್ಟಾಗಿತ್ತು. ನಲವತ್ತು ಸಾವಿರಕ್ಕೂ ಹೆಚ್ಚು ದೂರುಗಳು ಬಂದವು. ಕೊಟ್ಟವರಲ್ಲಿ ಹೆಚ್ಚಿನವರು ನಮ್ಮವರೇ. ಮಗಳ ಮದುವೆಗೆ ಕೂಡಿಟ್ಟದ್ದು, ಗಲ್ಫ್‌ನಲ್ಲಿ ದುಡಿದದ್ದು, ಒಡವೆ ಮಾರಿದ್ದು ಎಲ್ಲವೂ ಅಲ್ಲಿ ಸೇರಿತ್ತು. ಬಡ್ಡಿ ಬೇಡವೆಂದು ಬ್ಯಾಂಕಿನಿಂದ ದೂರ ನಿಂತವರಿಗೆ ಅಲ್ಲಿ ಸಿಕ್ಕ ಹೆಸರು ‘ಪಾಲುದಾರ’.

ಆ ಜನರನ್ನು ದುರಾಸೆಯವರೆಂದು ಹಳಿಯುವುದು ಸುಲಭ. ನನಗೆ ಹಾಗೆ ಅನಿಸುವುದಿಲ್ಲ. ತಿಂಗಳು ತಿಂಗಳು ಕೈಗೆ ಬಂದ ಹಣವೆಲ್ಲ ಆದಾಯವೆಂದು ಅವರು ತಿಳಿದರು, ಅಷ್ಟೆ. ಲಕ್ಷಕ್ಕೆ ತಿಂಗಳಿಗೆ ಮೂರು ಸಾವಿರ ಎಂದಿಟ್ಟುಕೊಳ್ಳಿ. ಮೂವತ್ತನಾಲ್ಕನೇ ತಿಂಗಳಿಗೆ ಕೊಟ್ಟ ಲಕ್ಷವೇ ವಾಪಸು ಬಂದಂತಾಯಿತು. ಹಿಂದೆ ನಿಜವಾದ ವ್ಯಾಪಾರವಿಲ್ಲದಿದ್ದರೆ ಆ ಮೂರು ಸಾವಿರ ನಮ್ಮದೇ ಅಸಲು, ಇಲ್ಲವೇ ನಮ್ಮ ನಂತರ ಬಂದವನ ಅಸಲು. ತನಿಖಾ ಸಂಸ್ಥೆಗಳು ಹೊರಿಸಿರುವ ಆರೋಪವೂ ಇದೇ.

ತೋವಿನಕೆರೆ, ಮಧುಗಿರಿ, ಸಿರಾ ಕಡೆಯ ಕುರಿಗಾರರಿಗೆ ಇದನ್ನು ಯಾರೂ ಹೇಳಿಕೊಡಬೇಕಿಲ್ಲ. ಮಂದೆಯಲ್ಲಿ ಐವತ್ತು ಕುರಿ. ವರ್ಷಕ್ಕೆ ಮೂವತ್ತು ಮರಿ ಉಳಿದವು. ಗಂಡು ಮರಿ ಹದಿನೈದನ್ನು ಸಂತೆಗೆ ಹೊಡೆದರೆ ಅದು ಆದಾಯ. ಹೆಣ್ಣು ಮರಿ ಹದಿನೈದನ್ನು ಉಳಿಸಿಕೊಂಡರೆ ಅದು ಬೆಳವಣಿಗೆ. ಈ ವರ್ಷ ಕಾಸಿಲ್ಲ, ಆದರೆ ಮಂದೆ ಅರವತ್ತೈದು. ಈಯುವ ಕುರಿಯನ್ನೇ ತಿಂಗಳಿಗೊಂದರಂತೆ ಮಾರಿದರೂ ಜೇಬಿಗೆ ದುಡ್ಡು ಬರುತ್ತದೆ. ಅದನ್ನು ಯಾವ ಕುರಿಗಾರನೂ ಆದಾಯ ಎನ್ನುವುದಿಲ್ಲ.

ಝಕಾತಿನ ಲೆಕ್ಕದಲ್ಲೂ ಈ ವಿವೇಚನೆ ಇದೆ. ಝಕಾತ್ ಎಂಬ ಪದಕ್ಕೇ ಶುದ್ಧಿಯ ಜೊತೆಗೆ ಬೆಳವಣಿಗೆ ಎಂಬ ಅರ್ಥವೂ ಉಂಟು. ಬಯಲಲ್ಲಿ ಮೇಯುವ ಕುರಿ ನಲವತ್ತಾದರೆ ಒಂದು, ನೂರಿಪ್ಪತ್ತೊಂದಾದರೆ ಎರಡು. ಬಾಡಿಗೆಗೆ ಕೊಟ್ಟ ಮನೆಯ ಗೋಡೆಗೆ ಝಕಾತ್ ಇಲ್ಲ. ಬಾಡಿಗೆ ಉಳಿದು ನಿಸಾಬ್ ಮುಟ್ಟಿ ವರ್ಷ ತುಂಬಿದರೆ ಅದಕ್ಕಿದೆ. ಅನಾಥರ ಹಣವನ್ನು ವ್ಯಾಪಾರಕ್ಕೆ ಹಾಕಿ, ಇಲ್ಲದಿದ್ದರೆ ಝಕಾತೇ ಅದನ್ನು ತಿಂದೀತು ಎಂಬ ಅರ್ಥದ ಮಾತು ಹಝ್ರತ್ ಉಮರ್(ರ) ಅವರದೆಂದು ಇಮಾಮ್ ಮಾಲಿಕರ ಮುವತ್ತಾದಲ್ಲಿ ದಾಖಲಾಗಿದೆ. ಸುಮ್ಮನಿಟ್ಟ ಗಂಟು ಕರಗುತ್ತದೆಂಬುದು ಆಗಲೇ ಗೊತ್ತಿತ್ತು.

ಇನ್ನೊಂದು ಚರಿತ್ರೆ ನೋಡಿ. 1945ರ ಡಿಸೆಂಬರ್‌ನಲ್ಲಿ ಮುಹಮ್ಮದ್ ಹಾಶಿಮ್ ಪ್ರೇಮ್‌ಜಿಯವರು ಮಹಾರಾಷ್ಟ್ರದ ಅಮಲ್ನೇರ್‌ನಲ್ಲಿ ವನಸ್ಪತಿ ಕಂಪನಿ ಕಟ್ಟಿದರು. ಊರಿನ ಜನರೂ ಷೇರು ಕೊಂಡರು. 1966ರಲ್ಲಿ ಅವರು ತೀರಿಕೊಂಡಾಗ ಮಗ ಅಝೀಮ್‌ಗೆ ಇಪ್ಪತ್ತೊಂದು ವರ್ಷ. ಓದು ಬಿಟ್ಟು ಅಮೆರಿಕದಿಂದ ಬಂದರು. ಅದೇ ಇಂದಿನ ವಿಪ್ರೊ. ನಮ್ಮ ತುಮಕೂರಿನಲ್ಲೂ ಅದರ ಸಾಬೂನಿನ ಕಾರ್ಖಾನೆ ಇದೆ. ಲಾಭವನ್ನೆಲ್ಲ ಹಂಚದೆ ಬಹುಪಾಲನ್ನು ಅದು ಕಂಪ್ಯೂಟರಿಗೆ, ಸಾಫ್ಟ್‌ವೇರಿಗೆ ಹಾಕಿತು. 1997ರ ಆರಂಭದಲ್ಲಿ ನೂರು ಷೇರು ಇದ್ದವರ ಬಳಿ, ಒಂದನ್ನೂ ಮಾರದಿದ್ದರೆ, ಬೋನಸ್ ಮತ್ತು ವಿಭಜನೆಗಳ ಮೂಲಕ 2017ಕ್ಕೆ ಮೂವತ್ತು ಸಾವಿರ ಷೇರುಗಳಾದವು. ಬೋನಸ್ಸೇ ಸಂಪತ್ತಲ್ಲ, ರೊಟ್ಟಿಯನ್ನು ನಾಲ್ಕು ತುಂಡು ಮಾಡಿದರೆ ರೊಟ್ಟಿ ದೊಡ್ಡದಾಗದು. ಒಳಗೆ ಉಳಿಸಿದ ಲಾಭ ದುಡಿದದ್ದರಿಂದ ರೊಟ್ಟಿ ದೊಡ್ಡದಾಯಿತು. ದಾರಿ ನೇರವೂ ಇರಲಿಲ್ಲ. 2000ದಲ್ಲಿ ಏರಿದ್ದ ಬೆಲೆ ಮರುವರ್ಷದೊಳಗೆ ಕುಸಿದು, ಆಗ ಕೊಂಡವರು ವರ್ಷಗಟ್ಟಲೆ ಕಾದರು. ಅದೇ ಕಾಲದ ಎಷ್ಟೋ ಕಂಪನಿಗಳು ಹೆಸರಿಲ್ಲದೆ ಹೋದವು.

ಹಾಗೆಂದು ಆದಾಯ ಕೀಳಲ್ಲ. ಎಪ್ಪತ್ತರ ಅಜ್ಜಿಗೆ ಔಷಧಿಗೆ ಈ ತಿಂಗಳೇ ದುಡ್ಡು ಬೇಕು. ಇಪ್ಪತ್ತು ವರ್ಷದ ಬೆಳವಣಿಗೆ ಆಕೆಗೇಕೆ? ಹುಣಸೆ ತೋಪಿನ ಫಸಲನ್ನು ವರ್ಷವರ್ಷ ಗುತ್ತಿಗೆಗೆ ಕೊಡುವವನೂ ಸರಿಯಾದದ್ದನ್ನೇ ಮಾಡುತ್ತಾನೆ, ಮರ ನಿಂತಿರುವ ತನಕ.

ಮ್ಯೂಚುವಲ್ ಫಂಡ್‌ಗಳಲ್ಲಿ ‘ಡಿವಿಡೆಂಡ್’ ಎಂಬ ಆಯ್ಕೆ ಇತ್ತು. ಅದರಲ್ಲಿ ಬರುವ ಹಣವೆಲ್ಲ ಲಾಭವೆಂದು ಜನ ನಂಬಿದ್ದರು. 2021ರ ಏಪ್ರಿಲ್‌ನಿಂದ ಸೆಬಿ ಆ ಹೆಸರನ್ನೇ ಬದಲಿಸಿತು. ‘ಆದಾಯ ಹಂಚಿಕೆ ಹಾಗೂ ಬಂಡವಾಳ ಹಿಂತೆಗೆತ’ ಎಂಬುದು ಹೊಸ ಹೆಸರಿನ ಅರ್ಥ. ಕೈಗೆ ಬಂದದ್ದರಲ್ಲಿ ನಿಮ್ಮದೇ ಅಸಲೂ ಇರಬಹುದೆಂದು ಈಗ ಹೆಸರಿನಲ್ಲೇ ಬರೆದಿರುತ್ತದೆ.