ಯಾರ ಕಾಸು, ಯಾರ ಮಾತು?

ಎಂಬತ್ತರ ದಶಕದಲ್ಲಿ ಚನ್ನರಾಯಪಟ್ಟಣದ ನಮ್ಮ ಮನೆಗೆ 'ಲಂಕೇಶ್ ಪತ್ರಿಕೆ' ಬರುತ್ತಿದ್ದುದು ತರಕಾರಿ ಚೀಲದ ಅಡಿಯಲ್ಲಿ. 'ಹೆಂಗಸರಿಗೇಕಮ್ಮ ರಾಜಕೀಯ?' ಎನ್ನುತ್ತಿದ್ದರು ಮಾವನವರು. ನಾನೋ, ಅನ್ನ ಬೇಯುವಷ್ಟರಲ್ಲಿ ಓದಿ ಮುಗಿಸುತ್ತಿದ್ದೆ. 1980ರಲ್ಲಿ ಹುಟ್ಟಿದ ಆ ವಾರಪತ್ರಿಕೆ ಜಾಹೀರಾತು ಪಡೆಯುತ್ತಿರಲಿಲ್ಲ. ನಮ್ಮಂಥವರು ಸಾಸಿವೆ ಡಬ್ಬಿಯಿಂದ ತೆಗೆದುಕೊಟ್ಟ ಚಿಲ್ಲರೆಯೇ ಅದರ ಬಂಡವಾಳ. ಹಾಗಾಗಿ ಅದಕ್ಕೆ ದೊಡ್ಡವರ ಹಂಗಿರಲಿಲ್ಲ.

ಹಾಸನದ ಬಾನು ಮುಷ್ತಾಕ್ ಅದಕ್ಕೆ ವರದಿಗಾರ್ತಿಯಾಗಿದ್ದರು, ಮುಂದೆ ವಕೀಲರಾದರು. ಹೊಸಿಲೊಳಗಿನ ಹೆಣ್ಣಿನ ಅಳಲು ಅವರ ಕಥೆಗಳಲ್ಲಿ ಮಾತಾಯಿತು. 2025ರಲ್ಲಿ ಅಂತರರಾಷ್ಟ್ರೀಯ ಬೂಕರ್ ಬಂದಾಗ 50,000 ಪೌಂಡ್ ಅವರಿಗೂ ಅನುವಾದಕಿ ದೀಪಾ ಭಾಸ್ತಿಯವರಿಗೂ ಸರಿಪಾಲು. ನಿಯಮವೇ ಹಾಗಿದೆ. ಒಂದು ಸಾಲಿನ ನಿಯಮ ಎಷ್ಟು ನ್ಯಾಯ ಮಾಡಬಲ್ಲದು ನೋಡಿ!

ಕಾಯಿದೆ ಕಾಯಿಸುವುದೂ ಉಂಟು. ಹೊಳೆನರಸೀಪುರದ ದೇವೇಗೌಡರು ಪ್ರಧಾನಿಯಾಗಿದ್ದ 1996ರಲ್ಲಿ ಲೋಕಸಭೆಗೆ ಬಂದ ಮಹಿಳಾ ಮೀಸಲಾತಿ, 27 ವರ್ಷ ಅಲೆದು 2023ರಲ್ಲಿ ಅಂಗೀಕಾರವಾಯಿತು. ಅದಕ್ಕೂ ಜನಗಣತಿ, ಕ್ಷೇತ್ರ ಮರುವಿಂಗಡಣೆಯ ಷರತ್ತು.

ಈಗ ನನ್ನ ಸೊಸೆ ಎಲ್ಲರೆದುರೇ ಫೋನಿನಲ್ಲಿ ಓದುತ್ತಾಳೆ. 'ಎಲ್ಲಾ ಬಿಟ್ಟಿ ಅತ್ತೆ' ಎನ್ನುತ್ತಾಳೆ. ಕದ್ದು ಓದುವ ಕಷ್ಟ ಅವಳಿಗಿಲ್ಲವಲ್ಲ ಎಂಬ ಸಂತೋಷ ನನಗೆ. ಆದರೆ ನಾವು ಕಾಸು ಕೊಡದಿದ್ದರೆ ಬೇರೆ ಯಾರೋ ಕೊಡುತ್ತಿರುತ್ತಾರೆ. ಅವರು ಯಾರೆಂದು ಕೇಳಿಕೊಳ್ಳಮ್ಮ, ಎಂದಷ್ಟೇ ಹೇಳಿದೆ.