ಉಳುಮೆ ಮತ್ತು ಹಕ್ಕುಪತ್ರ: ಪ್ಯಾಲೆಸ್ಟೀನಿನ ಭೂದಾಖಲೆಗಳ ರಾಜಕೀಯ ಚರಿತ್ರೆ

ಪ್ಯಾಲೆಸ್ಟೀನಿಯರು ಮತ್ತು ಇಸ್ರೇಲಿಗಳ ನಡುವಣ ಸಂಘರ್ಷವನ್ನು ಸಾವಿರಾರು ವರ್ಷಗಳ ಧಾರ್ಮಿಕ ವೈರದ ಮುಂದುವರಿಕೆಯೆಂದು ವಿವರಿಸುವ ವಾಡಿಕೆ ಇಂದಿಗೂ ಬಲವಾಗಿದೆ. ಆದರೆ ಇಂಥ ಹಳ್ಳಿಯ ಇಂಥ ಹೊಲ ಇಂಥ ವರ್ಷದಲ್ಲಿ ಹೇಗೆ ಕೈಬದಲಾಯಿತೆಂಬುದನ್ನು ಆ ವಿವರಣೆ ಹೇಳಲಾರದು. ಅದನ್ನು ತಿಳಿಯಲು ಭೂದಾಖಲೆಗಳ ಚರಿತ್ರೆಯತ್ತಲೇ ಹೊರಳಬೇಕಾಗುತ್ತದೆ. ಒಟ್ಟೋಮನ್ ಸಾಮ್ರಾಜ್ಯವು 1858ರಲ್ಲಿ ಹೊರಡಿಸಿದ ಭೂಸಂಹಿತೆಯು ಮುಖ್ಯವಾಗಿ ಕಂದಾಯ ವಸೂಲಿಯನ್ನು ಕ್ರಮಕ್ಕೆ ತರಲು ರೂಪುಗೊಂಡದ್ದಾದರೂ, ಸಾಮ್ರಾಜ್ಯವೇ ಅಳಿದ ಮೇಲೂ ಬ್ರಿಟಿಷ್, ಜೋರ್ಡಾನ್ ಮತ್ತು ಇಸ್ರೇಲಿ ಆಡಳಿತಗಳಲ್ಲಿ ಬಳಕೆಯಲ್ಲಿ ಉಳಿದು, ಉಳುವವನ ಅನುಭವಕ್ಕೂ ಕಡತದಲ್ಲಿರುವ ಹೆಸರಿಗೂ ನಡುವಿದ್ದ ಅಂತರವನ್ನು ರಾಜಕೀಯ ಸಾಧನವಾಗಿ ಮಾರ್ಪಡಿಸಿತೆಂಬುದು ಪ್ರಸ್ತುತ ಲೇಖನದ ವಾದ.

ಸಂಹಿತೆಯ ಪ್ರಕಾರ ಸಾಗುವಳಿ ಭೂಮಿಯ ಬಹುಭಾಗ ‘ಮಿರಿ’ ವರ್ಗಕ್ಕೆ ಸೇರಿತ್ತು. ಎಂದರೆ ಮೂಲ ಒಡೆತನ ಪ್ರಭುತ್ವದ್ದು, ಉಳುವ ಹಾಗೂ ಫಲವನ್ನು ಅನುಭವಿಸುವ ಹಕ್ಕು ರೈತನದ್ದು. ಹತ್ತು ವರ್ಷ ನಿರಂತರವಾಗಿ ಉತ್ತವನಿಗೆ ಹಕ್ಕು ದೊರೆಯುತ್ತಿತ್ತು, ಮೂರು ವರ್ಷ ಬೀಳುಬಿಟ್ಟರೆ ಅದು ಕೈತಪ್ಪುವ ಸಂಭವವಿತ್ತು. ಅನೇಕ ಹಳ್ಳಿಗಳಲ್ಲಿ ಇದರ ಜೊತೆಗೆ ‘ಮುಶಾ’ ಎಂಬ ಪದ್ಧತಿಯೂ ನಡೆದುಬಂದಿದ್ದು, ಹೊಲಗಳನ್ನು ಕುಟುಂಬಗಳು ಸಾಮೂಹಿಕವಾಗಿ ಹೊಂದಿ, ಕೆಲವು ವರ್ಷಗಳಿಗೊಮ್ಮೆ ಮರುಹಂಚಿಕೆ ಮಾಡಿಕೊಳ್ಳುತ್ತಿದ್ದವು. ವ್ಯಕ್ತಿಯ ಹೆಸರಿನಲ್ಲಿ ನೋಂದಣಿ ಬಯಸುವ ಕಾನೂನಿಗೆ ಈ ಪದ್ಧತಿ ಹೊಂದಲಿಲ್ಲ. ಹೆಸರು ಬರೆಸಿದರೆ ತೆರಿಗೆಯೂ ಸೈನ್ಯದ ಕಡ್ಡಾಯ ಭರ್ತಿಯೂ ಬೆನ್ನುಹತ್ತುತ್ತವೆಂಬ ಭಯದಿಂದ ಬಹಳಷ್ಟು ರೈತರು ನೋಂದಣಿಯಿಂದ ದೂರ ಉಳಿದರು, ಇಲ್ಲವೆ ಊರಿನ ಪ್ರಮುಖರ ಹೆಸರಿನಲ್ಲಿ ಬರೆಸಿದರು. ಆ ಭಯ ನಿರಾಧಾರವಾಗಿರಲಿಲ್ಲ ಎಂಬುದನ್ನೂ ಹೇಳಬೇಕು. ನೋಂದಣಿಯ ಬಗೆಗಿನ ಈ ಹಿಂಜರಿಕೆಯ ಲಾಭ ಸಿಕ್ಕಿದ್ದು ನಗರದ ವರ್ತಕರಿಗೆ. ಬೈರುತ್‌ನ ಸುರ್ಸೂಕ್ ಮನೆತನವು 1870ರ ಆಸುಪಾಸಿನಲ್ಲಿ ಮರ್ಜ್ ಇಬ್ನ್ ಆಮಿರ್ ಬಯಲಿನ, ಅಂದರೆ ಜೆಜ್ರೀಲ್ ಕಣಿವೆಯ, ವಿಶಾಲ ಭೂಭಾಗವನ್ನು ಸರ್ಕಾರದಿಂದಲೇ ಕೊಂಡುಕೊಂಡಿತು.

ಈ ಬಯಲಿನ ಅಲ್-ಫೂಲಾ ಎಂಬ ಹಳ್ಳಿಯ ಪ್ರಕರಣವು ಮುಂದಿನ ಅನೇಕ ವಿವಾದಗಳ ಸ್ವರೂಪವನ್ನು ಮೊದಲೇ ತೋರಿಸಿಕೊಟ್ಟಿತು. ಸುರ್ಸೂಕ್ ಮನೆತನದವರು 1910ರಲ್ಲಿ ಅಲ್ಲಿನ ಸುಮಾರು 10,000 ದುನಮ್ ಜಮೀನನ್ನು (ಒಂದು ದುನಮ್ ಎಂದರೆ 1,000 ಚದರ ಮೀಟರ್, ಹತ್ತಿರಹತ್ತಿರ ಹತ್ತು ಗುಂಟೆ) ಯಹೂದಿ ರಾಷ್ಟ್ರೀಯ ನಿಧಿಗೆ ಮಾರಿದಾಗ, ನಜರೇತಿನ ಉಪವಿಭಾಗಾಧಿಕಾರಿಯಾಗಿದ್ದ ಶುಕ್ರಿ ಅಲ್-ಅಸಲಿ ಹಕ್ಕುಪತ್ರವನ್ನು ಹಸ್ತಾಂತರಿಸಲು ಒಪ್ಪದೆ, ಪತ್ರಿಕೆಗಳಲ್ಲಿ ಸಲಾಹುದ್ದೀನನ ಹೆಸರಿನಿಂದ ಬಹಿರಂಗ ಪತ್ರ ಬರೆದನು. ಆದರೂ ಮಾರಾಟ ಊರ್ಜಿತವಾಯಿತು. 1911ರಲ್ಲಿ ಅಲ್ಲಿ ಮೆರ್ಹಾವಿಯಾ ಎಂಬ ಯಹೂದಿ ವಸತಿ ತಲೆಯೆತ್ತಿತು. ಖರೀದಿದಾರರು ಹಣ ಕೊಟ್ಟೇ ಕೊಂಡಿದ್ದರು, ಅವರಲ್ಲಿ ರಷ್ಯಾದ ಹಿಂಸಾಚಾರದಿಂದ ತಪ್ಪಿಸಿಕೊಂಡು ಬಂದವರೂ ಇದ್ದರು. ಆದರೆ ತಲೆಮಾರುಗಳಿಂದ ಉತ್ತುಬಂದ ಗೇಣಿದಾರನಿಗೆ ಆ ವ್ಯವಹಾರದಲ್ಲಿ ಸಹಿ ಹಾಕುವ ಜಾಗವೇ ಇರಲಿಲ್ಲ. ಹಿಂದಿನ ಮಾರಾಟಗಳಲ್ಲಿ ಒಡೆಯ ಬದಲಾದರೂ ಒಕ್ಕಲು ಉಳಿಯುತ್ತಿದ್ದ. ಯಹೂದಿ ದುಡಿಮೆಯಿಂದಲೇ ನೆಲ ಕಟ್ಟಬೇಕೆಂಬ ಜಿಯೋನಿಸ್ಟ್ ಧೋರಣೆಯಿಂದಾಗಿ ಈಗ ಒಕ್ಕಲೂ ಏಳಬೇಕಾಯಿತು.

ಪ್ಯಾಲೆಸ್ಟೀನಿನಲ್ಲಿ ಯಹೂದಿಗಳ ರಾಷ್ಟ್ರೀಯ ನೆಲೆಗೆ ಬೆಂಬಲ ಸಾರಿದ 1917ರ ಬಾಲ್ಫರ್ ಘೋಷಣೆಯ ನಂತರ ಬಂದ ಬ್ರಿಟಿಷ್ ಆಡಳಿತವು ಹಳೆಯ ಸಂಹಿತೆಯನ್ನೇ ಇರಿಸಿಕೊಂಡು, 1928ರಲ್ಲಿ ಹಕ್ಕು ಇತ್ಯರ್ಥದ ಕಾಯ್ದೆಯನ್ನು ತಂದು ಅಳತೆ ಆರಂಭಿಸಿತು. 1929ರ ಗಲಭೆಗಳ ತರುವಾಯ ಬಂದ ಹೋಪ್ ಸಿಂಪ್ಸನ್ ವರದಿಯು ಭೂಹೀನತೆಯನ್ನು ಅಶಾಂತಿಯ ಮೂಲಗಳಲ್ಲೊಂದೆಂದು ಗುರುತಿಸಿತು. ಅದನ್ನು ಆಧರಿಸಿದ 1930ರ ಶ್ವೇತಪತ್ರವನ್ನು ಪ್ರಧಾನಿ ಮ್ಯಾಕ್‌ಡೊನಾಲ್ಡ್ ಕೆಲವೇ ತಿಂಗಳಲ್ಲಿ, ಜಿಯೋನಿಸ್ಟ್ ನಾಯಕ ವೈಜ್‌ಮನ್‌ಗೆ ಬರೆದ ಪತ್ರದ ಮೂಲಕ, ನಿಷ್ಪರಿಣಾಮಗೊಳಿಸಿದನು. ಅರಬರು ಆ ಕಾಗದವನ್ನು ಕಪ್ಪು ಪತ್ರವೆಂದು ಕರೆದದ್ದು ಸಹಜವೇ. ಹೈಫಾ ನಗರದ ಕೊಳೆಗೇರಿ ಸೇರಿದ್ದ ಭೂಹೀನ ರೈತರ ನಡುವೆ ಸಂಘಟನೆ ಕಟ್ಟಿದ ಇಜ್ಜುದ್ದೀನ್ ಅಲ್-ಕಸ್ಸಾಮ್ 1935ರಲ್ಲಿ ಪೊಲೀಸರ ಗುಂಡಿಗೆ ಬಲಿಯಾದನು. ಮರುವರ್ಷ ಭುಗಿಲೆದ್ದ ಅರಬ್ ಬಂಡಾಯ 1939ರವರೆಗೆ ನಡೆಯಿತು.

ಇಷ್ಟಾದರೂ ಖರೀದಿಯ ಪ್ರಮಾಣವನ್ನು ಉತ್ಪ್ರೇಕ್ಷಿಸಬಾರದು. 1947ರ ಹೊತ್ತಿಗೆ ಯಹೂದಿ ಒಡೆತನದಲ್ಲಿದ್ದದ್ದು ಪ್ಯಾಲೆಸ್ಟೀನಿನ ಒಟ್ಟು ಭೂಮಿಯ ಶೇಕಡಾ 7ರ ಆಸುಪಾಸು ಮಾತ್ರ. ಆ ವರ್ಷದ ನವೆಂಬರ್ 29ರ ವಿಶ್ವಸಂಸ್ಥೆಯ ವಿಭಜನಾ ನಿರ್ಣಯವು, ಜನಸಂಖ್ಯೆಯ ಮೂರನೆಯ ಒಂದರಷ್ಟಿದ್ದ ಯಹೂದಿಗಳ ರಾಜ್ಯಕ್ಕೆ ಅರ್ಧಕ್ಕಿಂತ ಹೆಚ್ಚು ಭೂಭಾಗವನ್ನು ನಿಗದಿಮಾಡಿತು. ಇರಾನ್ ಮತ್ತು ಯುಗೊಸ್ಲಾವಿಯಾಗಳೊಂದಿಗೆ ಒಕ್ಕೂಟ ರಾಜ್ಯದ ಪರ್ಯಾಯ ಯೋಜನೆಯನ್ನು ಮುಂದಿಟ್ಟಿದ್ದ ಭಾರತವು ನಿರ್ಣಯದ ವಿರುದ್ಧ ಮತ ಹಾಕಿತು. ಅರಬ್ ನಾಯಕತ್ವ ವಿಭಜನೆಯನ್ನು ತಿರಸ್ಕರಿಸಿದ ಮೇಲೆ ನಡೆದ ಯುದ್ಧದಲ್ಲಿ ಏಳು ಲಕ್ಷಕ್ಕೂ ಹೆಚ್ಚು ಪ್ಯಾಲೆಸ್ಟೀನಿಯರು ಹೊರದೂಡಲ್ಪಟ್ಟರು ಅಥವಾ ಪಲಾಯನ ಮಾಡಿದರು, ನಾನೂರಕ್ಕೂ ಮಿಕ್ಕಿದ ಹಳ್ಳಿಗಳು ಬರಿದಾದವು. ಅವರು ಬಿಟ್ಟುಹೋದ ಆಸ್ತಿಯನ್ನು ಪ್ರಭುತ್ವದ ಹತೋಟಿಗೆ ತಂದದ್ದು ಇಸ್ರೇಲಿನ 1950ರ ಗೈರುಹಾಜರಿಗಳ ಆಸ್ತಿ ಕಾನೂನು. ವಿಭಜನಾ ನಿರ್ಣಯದ ದಿನದಿಂದಾಚೆಗೆ ಶತ್ರುಪ್ರದೇಶಕ್ಕೆ ಹೋದವರೆಲ್ಲರೂ ಅದರ ದೃಷ್ಟಿಯಲ್ಲಿ ಗೈರುಹಾಜರಿಗಳೇ ಆದ್ದರಿಂದ, ಇಸ್ರೇಲಿನ ಗಡಿಯೊಳಗೇ ಉಳಿದು ಪೌರತ್ವ ಪಡೆದವರಲ್ಲಿಯೂ ಸಾವಿರಾರು ಜನ ‘ಹಾಜರಿರುವ ಗೈರುಹಾಜರಿಗಳು’ ಎನಿಸಿಕೊಂಡರು.

ಗಲಿಲೀಯ ಇಕ್ರಿತ್ ಎಂಬ ಕ್ರೈಸ್ತ ಹಳ್ಳಿಯ ನಿವಾಸಿಗಳು 1948ರ ನವೆಂಬರಿನಲ್ಲಿ, ಎರಡು ವಾರಗಳ ಮಟ್ಟಿಗೆ ಎಂಬ ಸೈನ್ಯದ ಮಾತನ್ನು ನಂಬಿ, ಊರು ಬಿಟ್ಟಿದ್ದರು. 1951ರ ಜುಲೈನಲ್ಲಿ ಇಸ್ರೇಲಿನ ಸುಪ್ರೀಂ ಕೋರ್ಟ್ ಅವರ ಪರವಾಗಿ ತೀರ್ಪಿತ್ತಿತು. ಅದೇ ವರ್ಷದ ಕ್ರಿಸ್‌ಮಸ್ ವೇಳೆಗೆ ಸೈನ್ಯವು ಚರ್ಚೊಂದನ್ನುಳಿದು ಮನೆಗಳನ್ನೆಲ್ಲ ಸಿಡಿಸಿಹಾಕಿತು, 1953ರ ಭೂಸ್ವಾಧೀನ ಕಾನೂನು ಜಮೀನನ್ನೂ ನುಂಗಿತು. ಇದೇ ಅವಧಿಯಲ್ಲಿ ಇರಾಕ್ ತನ್ನ ಯಹೂದಿ ಪ್ರಜೆಗಳ ಪೌರತ್ವವನ್ನು ಕಿತ್ತುಕೊಂಡು, 1951ರಲ್ಲಿ ಅವರ ಆಸ್ತಿಯನ್ನು ಸ್ತಂಭನಗೊಳಿಸಿತೆಂಬುದನ್ನು ಮರೆಯುವಂತಿಲ್ಲ. ಒಂದು ಲಕ್ಷಕ್ಕೂ ಹೆಚ್ಚು ಇರಾಕಿ ಯಹೂದಿಗಳು ಬರಿಗೈಯಲ್ಲಿ ಇಸ್ರೇಲಿಗೆ ಬಂದಿಳಿದರು. ಇವೆರಡು ನಷ್ಟಗಳನ್ನು ಒಂದಕ್ಕೊಂದು ವಜಾ ಹಾಕುವ ರಾಜತಾಂತ್ರಿಕ ಲೆಕ್ಕಾಚಾರವು, ಬಾಗ್ದಾದಿನ ವರ್ತಕನಿಗಾಗಲಿ ಇಕ್ರಿತ್‌ನ ರೈತನಿಗಾಗಲಿ ಏನನ್ನೂ ಹಿಂದಿರುಗಿಸಲಿಲ್ಲ.

1967ರಲ್ಲಿ ಇಸ್ರೇಲ್ ಜೋರ್ಡಾನಿನಿಂದ ವಶಪಡಿಸಿಕೊಂಡ ವೆಸ್ಟ್ ಬ್ಯಾಂಕಿನಲ್ಲಿ ಜೋರ್ಡಾನಿನ ಹಕ್ಕು ಇತ್ಯರ್ಥವು ಸುಮಾರು ಮೂರನೆಯ ಒಂದು ಭಾಗಕ್ಕಷ್ಟೇ ಮುಗಿದಿತ್ತು. 1968ರ 291ನೆಯ ಸೈನಿಕ ಆದೇಶವು ಅದನ್ನು ಅಲ್ಲಿಗೇ ನಿಲ್ಲಿಸಿತು. 1979ರ ಅಕ್ಟೋಬರಿನಲ್ಲಿ, ನಬ್ಲುಸ್ ಬಳಿಯ ರುಜೀಬ್ ಹಳ್ಳಿಯವರ ಖಾಸಗಿ ಜಮೀನಿನಲ್ಲಿ ಎಲೋನ್ ಮೊರೆ ವಸಾಹತು ಕಟ್ಟುವುದು ಸೈನಿಕ ಅಗತ್ಯವಲ್ಲವೆಂದು ಸುಪ್ರೀಂ ಕೋರ್ಟ್ ತೀರ್ಪು ನೀಡಿದಾಗ, ಸರ್ಕಾರವು ಸೈನಿಕ ವಶಪಡಿಕೆಯ ದಾರಿಯನ್ನು ಬಿಟ್ಟು 1858ರ ಸಂಹಿತೆಯತ್ತ ತಿರುಗಿತು. ಉಳುಮೆಯಾಗದ ಮಿರಿ ಭೂಮಿ ಪ್ರಭುತ್ವದ್ದೆಂಬ ಹಳೆಯ ಸೂತ್ರದ ಮೇಲೆ ಲಕ್ಷಾಂತರ ದುನಮ್ ‘ಸರ್ಕಾರಿ ಭೂಮಿ’ ಎಂದು ಘೋಷಿತವಾಯಿತು. ಇಂಥ ಘೋಷಣೆ ಹೊರಟಾಗ ಆಕ್ಷೇಪಣೆ ಸಲ್ಲಿಸಲು ರೈತನಿಗಿರುವುದು 45 ದಿನ. ವೈಮಾನಿಕ ಛಾಯಾಚಿತ್ರಗಳೆದುರು ಹತ್ತು ವರ್ಷದ ನಿರಂತರ ಸಾಗುವಳಿಯನ್ನು ಅವನೇ ಸಾಬೀತುಪಡಿಸಬೇಕು. ಬಂಡೆಗಲ್ಲುಗಳ ಇಳಿಜಾರಿನ ತುಂಡಾದರೂ ಅರ್ಧಕ್ಕಿಂತ ಹೆಚ್ಚು ಭಾಗ ಉಳುಮೆಯಾಗಿತ್ತೆಂದು ತೋರಿಸಬೇಕು. ಇಸ್ರೇಲ್ ಮತ್ತು ಪ್ಯಾಲೆಸ್ಟೀನಿಯನ್ ನಾಯಕತ್ವದ ನಡುವಣ ಒಸ್ಲೊ ಒಪ್ಪಂದಗಳು ವೆಸ್ಟ್ ಬ್ಯಾಂಕಿನ ಸುಮಾರು ಶೇಕಡಾ 60ರಷ್ಟನ್ನು ‘ಸಿ’ ವಲಯವೆಂದು ಇಸ್ರೇಲಿ ಆಡಳಿತದಲ್ಲಿಯೇ ಉಳಿಸಿದ್ದರಿಂದ, ಅವುಗಳಿಂದ ಹುಟ್ಟಿದ ಪ್ಯಾಲೆಸ್ಟೀನಿಯನ್ ಪ್ರಾಧಿಕಾರವು ತನ್ನ ವಲಯಗಳಲ್ಲಿ ನೋಂದಣಿಯನ್ನು ಮುಂದುವರಿಸಿದರೂ, ಬಹುಪಾಲು ಬೆಟ್ಟದ ಹೊಲಗಳಲ್ಲಿ ಸಾಕ್ಷ್ಯದ ಈ ಹೊರೆ ಇಂದಿಗೂ ಉಳುವವನ ಮೇಲೆಯೇ ಇದೆ.