ಮಂಗಳವಿಲ್ಲದ ಪೂಜೆ

ಕಾರಹುಣ್ಣಿಮೆ ಕಳೆದು ಹದಿನೈದು ದಿನಕ್ಕೆ ಮಣ್ಣೆತ್ತಿನ ಅಮಾವಾಸ್ಯೆ ಬರುತ್ತದೆ. ಅಂದು ರಾಯಬಾಗ, ಚಿಕ್ಕೋಡಿ, ಅಥಣಿಗಳ ಕಡೆಯ ಒಕ್ಕಲಿಗರ ಮನೆಗಳಲ್ಲಿ ಎರಡು ಮಣ್ಣಿನ ಎತ್ತುಗಳನ್ನು ಮಾಡಿ, ಜಗುಲಿಯ ಮೇಲಿಟ್ಟು, ಸಿಂಗರಿಸಿ ಪೂಜಿಸುತ್ತಾರೆ. ಕೊಟ್ಟಿಗೆಯಲ್ಲಿ ಜೀವಂತ ಎತ್ತುಗಳಿರಲಿ, ಬಿಡಲಿ, ಈ ಪೂಜೆಯನ್ನು ತಪ್ಪಿಸುವುದಿಲ್ಲ. ಎಲ್ಲವೂ ಮುಗಿದ ಮೇಲೆ ಆ ಎತ್ತುಗಳನ್ನು ಹಳ್ಳಕ್ಕೋ ಬಾವಿಗೋ ಒಯ್ದು ಬಿಡುವುದು ರೂಢಿ. ನಿನ್ನೆ ಕೈಮುಗಿಸಿಕೊಂಡದ್ದು ಇಂದು ಕೆಸರಾಗುತ್ತದೆ; ಅದಕ್ಕಾಗಿ ಯಾರೂ ಮರುಗುವುದಿಲ್ಲ. ಆಷಾಢದಲ್ಲಿ ಗುಳ್ಳವ್ವ, ಶ್ರಾವಣದಲ್ಲಿ ಮಣ್ಣಿನ ನಾಗಪ್ಪ, ಭಾದ್ರಪದದಲ್ಲಿ ಗಣಪ. ಹೀಗೆ ಒಂದರ ಬೆನ್ನಿಗೊಂದು ದೇವರು ಮಣ್ಣಿನಿಂದೆದ್ದು ಮನೆಗೆ ಬಂದು, ಉಂಡು, ಹೊರಟುಹೋಗುತ್ತಾರೆ.

ಈ ಚಿಕ್ಕ ಸಂಗತಿಯಿಂದ ಆರಂಭಿಸುವುದಕ್ಕೆ ಕಾರಣವಿದೆ. ಪೇಟೆಯ ಸರಕು, ಮೋಟಾರು, ಮೊಬೈಲು, ಸಾಮಾಜಿಕ ಜಾಲತಾಣ ಇವೇ ಇಂದಿನ ವಿಗ್ರಹಗಳು, ಜನ ಇವುಗಳ ಆರಾಧನೆಗೆ ಬಿದ್ದಿದ್ದಾರೆ ಎಂಬ ಮಾತು ಈಗ ವೇದಿಕೆ ವೇದಿಕೆಯ ಮೇಲೆ ಕೇಳಿಬರುತ್ತಿದೆ. ಮಾತಿನಲ್ಲಿ ಸತ್ಯವಿಲ್ಲವೆಂದು ನಾನು ಹೇಳುವುದಿಲ್ಲ. ಆದರೆ ಅದು ಹುಟ್ಟಿದ್ದು ಬೇರೆ ನೆಲದಲ್ಲಿ. ಮೋಶೆ ಬೆಟ್ಟದಿಂದ ಇಳಿದು ಬರುವಷ್ಟರಲ್ಲಿ ಜನ ಬಂಗಾರದ ಕರುವಿಗೆ ಅಡ್ಡಬಿದ್ದಿದ್ದರೆಂಬ ಕಥೆಯನ್ನು ಕೇಳಿ ಬೆಳೆದವರಿಗೆ ವಿಗ್ರಹಾರಾಧನೆ ಎಂದರೆ ಮಹಾಪಾಪ. ಇಂಗ್ಲೆಂಡಿನ ಬೇಕನ್ 1620ರಲ್ಲಿ ಮನುಷ್ಯನ ಬುದ್ಧಿಯನ್ನು ಕೆಡಿಸುವ ನಾಲ್ಕು ಬಗೆಯ ವಿಗ್ರಹಗಳನ್ನು ಎಣಿಸಿದ. ಅವುಗಳಲ್ಲಿ ಒಂದು 'ಪೇಟೆಯ ವಿಗ್ರಹ'. (ಅವನ ಮನಸ್ಸಿನಲ್ಲಿದ್ದುದು ಪೇಟೆಯ ಸರಕಲ್ಲ, ಜನರ ನಡುವೆ ಓಡಾಡುವ ಸವಕಲು ಮಾತುಗಳು. ಹೆಸರನ್ನಷ್ಟೇ ಕೇಳಿದವರು ಇದನ್ನು ಮರೆಯುತ್ತಾರೆ.) ಸರಕಿನ ಸುತ್ತ ಒಂದು ಮಾಂತ್ರಿಕ ಪ್ರಭೆ ಕಟ್ಟಿಕೊಳ್ಳುತ್ತದೆಂದು ಬಿಡಿಸಿ ತೋರಿಸಿದವನು 1867ರಲ್ಲಿ ಮಾರ್ಕ್ಸ್. ಇವರೆಲ್ಲರಿಗೂ ವಿಗ್ರಹ ಎಂಬುದು ಬೈಗುಳ. ಮಣ್ಣೆತ್ತಿಗೆ ಕೈಮುಗಿಯುವ ರಾಯಬಾಗದ ಒಕ್ಕಲಿಗನ ಮುಂದೆ ಹೋಗಿ 'ನೀನು ಮೊಬೈಲನ್ನು ಪೂಜಿಸುತ್ತೀ' ಎಂದರೆ, 'ಪೂಜಿಸಿದರೆ ತಪ್ಪೇನ್ರೀ?' ಎಂದು ಆತ ಕೇಳಿಯಾನು. ಆ ಪ್ರಶ್ನೆಗೆ ಉತ್ತರವನ್ನು ನಮ್ಮ ಭಾಗದ ಇತಿಹಾಸದಲ್ಲಿಯೇ ಹುಡುಕಬೇಕು.

ಯಂತ್ರ ಮೊದಲು ಇಲ್ಲಿಗೆ ಬಂದಾಗ ಅದನ್ನು ಯಾರೂ ಪೂಜಿಸಲಿಲ್ಲ, ಸಂಶಯದಿಂದ ನೋಡಿದರು. ಸವದತ್ತಿ ತಾಲೂಕಿನ ಗುರ್ಲಹೊಸೂರಿನಲ್ಲಿ 1869ರಲ್ಲಿ ಹುಟ್ಟಿದ ಲಕ್ಷ್ಮಣರಾವ ಕಿರ್ಲೋಸ್ಕರರು ಮುಂಬಯಿಗೆ ಹೋದದ್ದು ಚಿತ್ರಕಲೆ ಕಲಿಯಲು. ಬಣ್ಣಗಳನ್ನು ಸರಿಯಾಗಿ ಗುರುತಿಸಲಾರದ ದೃಷ್ಟಿದೋಷ ಅವರನ್ನು ಯಂತ್ರಗಳ ರೇಖಾಚಿತ್ರದ ಕಡೆಗೆ ತಿರುಗಿಸಿತು. 1888ರಲ್ಲಿ ಅಣ್ಣ ರಾಮಚಂದ್ರರಾಯರೊಡನೆ ಬೆಳಗಾವಿಯಲ್ಲಿ ಸೈಕಲ್ಲಿನ ಅಂಗಡಿ ಆರಂಭವಾಯಿತು. ಅನಂತರ ಮೇವು ಕತ್ತರಿಸುವ ಯಂತ್ರ, ಇಪ್ಪತ್ತನೆಯ ಶತಮಾನದ ಮೊದಲ ವರ್ಷಗಳಲ್ಲಿ ಕಬ್ಬಿಣದ ನೇಗಿಲು. (ಇದೇ ಗುರ್ಲಹೊಸೂರಿನಲ್ಲಿಯೇ 1896ರಲ್ಲಿ ಶಂ. ಬಾ. ಜೋಶಿಯವರೂ ಹುಟ್ಟಿದರು. ಒಬ್ಬರು ಕಬ್ಬಿಣ ಎರಕ ಹೊಯ್ದರು, ಇನ್ನೊಬ್ಬರು ನಮ್ಮ ದೇವರುಗಳ ಬೇರು ಅಗೆದರು. ಒಂದು ಸಣ್ಣ ಊರಿಗೆ ಇದು ಸಾಮಾನ್ಯ ಭಾಗ್ಯವಲ್ಲ.)

ನೇಗಿಲು ಸಿದ್ಧವಾಯಿತು, ಆದರೆ ಕೊಳ್ಳುವವರಿಲ್ಲ. ಕಬ್ಬಿಣ ಭೂಮಿತಾಯಿಗೆ ವಿಷ, ಅದರಿಂದ ಉತ್ತರೆ ನೆಲ ಸಾಯುತ್ತದೆ ಎಂದು ರೈತರು ನಂಬಿದ್ದರು. ಮೊದಲ ಕೆಲವು ನೇಗಿಲುಗಳು ಮಾರಾಟವಾಗಲು ಎರಡು ವರ್ಷ ಹಿಡಿಯಿತು. ಉದ್ಯಮದ ಚರಿತ್ರೆ ಬರೆದವರೆಲ್ಲ ಈ ಪ್ರಸಂಗವನ್ನು ರೈತನ ಮೌಢ್ಯಕ್ಕೆ ಉದಾಹರಣೆಯಾಗಿ ಹೇಳಿ ನಕ್ಕು ಮುಂದೆ ಹೋಗುತ್ತಾರೆ. ನನಗೆ ಹಾಗೆ ನಗಲು ಮನಸ್ಸಾಗುವುದಿಲ್ಲ. ಹಳೆಯ ರಂಟೆಗೂ ತುದಿಯಲ್ಲಿ ಕಬ್ಬಿಣದ ಕುಳವಿತ್ತು. ಕಬ್ಬಿಣವನ್ನು ಕಾಣದವನೇನೂ ಅಲ್ಲ ಆ ರೈತ. ರಂಟೆಯನ್ನು ಕೆತ್ತುವ ಬಡಿಗ, ಕುಳ ತಟ್ಟುವ ಕಮ್ಮಾರ ಇಬ್ಬರೂ ಊರಿನವರೇ. ಸುಗ್ಗಿಯಲ್ಲಿ ಕಣಕ್ಕೆ ಬಂದು ತಮ್ಮ ಆಯ ಒಯ್ಯುತ್ತಿದ್ದವರು. ಹೊಸ ನೇಗಿಲಿನ ಕುಳ ಸವೆದರೆ ಕಾರಖಾನೆಯ ಕಡೆ ನೋಡಬೇಕು, ಕೈಯಲ್ಲಿ ರೊಕ್ಕ ಹಿಡಿದು ನೋಡಬೇಕು. ವಿಷ ಎಂಬ ಮಾತಿನ ಒಳಗೆ ಈ ಅಳುಕೂ ಅಡಗಿದ್ದಿರಬಹುದೆಂದು ನನ್ನ ಊಹೆ. ಏನೇ ಇರಲಿ, 'ಇದು ನನ್ನ ನೆಲಕ್ಕೆ ಏನು ಮಾಡುತ್ತದೆ?' ಎಂದು ಆ ರೈತ ಕೇಳಿದ. ಎರಡು ವರ್ಷ ಕಾದು ನೋಡಿದ. ಕರಿನೆಲದ ಆಳಕ್ಕಿಳಿದ ಕರಿಕೆಯ ಬೇರನ್ನು ಹೊಸ ನೇಗಿಲು ಕಿತ್ತೊಗೆಯುವುದನ್ನು ಕಂಡ ಮೇಲೆ ಕೊಂಡುಕೊಂಡ. ಇಂದು ನಾವು ಹೊಸ ವಸ್ತುವಿನ ಮುಂದೆ ಎರಡು ದಿನವಾದರೂ ಹಾಗೆ ನಿಲ್ಲುತ್ತೇವೆಯೆ?

1910ರಲ್ಲಿ ಕಿರ್ಲೋಸ್ಕರರು ಬೆಳಗಾವಿಯ ಜಾಗ ಬಿಡಬೇಕಾಗಿ ಬಂದಿತು. ಔಂಧ ಸಂಸ್ಥಾನದ ಅರಸರು ಕುಂಡಲ ರೋಡ್ ಸ್ಟೇಶನ್ನಿನ ಬಳಿ ಭೂಮಿ ಕೊಟ್ಟರು, ಅದೇ ಕಿರ್ಲೋಸ್ಕರವಾಡಿಯಾಯಿತು. ಬೆಳಗಾವಿಯಿಂದ ರಾಯಬಾಗ, ಚಿಂಚಲಿ, ಕುಡಚಿಗಳನ್ನು ದಾಟಿ ಮಿರಜಕ್ಕೆ ಹೋಗುವ ರೈಲುಹಾದಿಯೇ ಮುಂದೆ ಅಲ್ಲಿಗೂ ಮುಟ್ಟುತ್ತದೆ. ರಾಯಬಾಗವಾದರೂ ಆಗ ಕೊಲ್ಹಾಪುರ ಸಂಸ್ಥಾನದಲ್ಲಿತ್ತು. ಸಂಸ್ಥಾನ 1949ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಗುವವರೆಗೂ ಹಾಗೆಯೇ ಇತ್ತು. ಕಾರಖಾನೆ 1920ರಲ್ಲಿ ಒಂದು ಮರಾಠಿ ಪತ್ರಿಕೆಯನ್ನೂ ಹೊರಡಿಸಿತು, 'ಕಿರ್ಲೋಸ್ಕರ ಖಬರ್' ಎಂದು. ಮುಂದೆ ಅದು ಗಣ್ಯ ಸಾಹಿತ್ಯ ಪತ್ರಿಕೆಯಾಗಿ ಬೆಳೆಯಿತೆಂಬುದು ಬೇರೆ ಮಾತು. ಸರಕು ಮಾಡಿದರೆ ಸಾಲದು, ಸರಕಿನ ಸುದ್ದಿಯನ್ನೂ ಮನೆಮನೆಗೆ ಮುಟ್ಟಿಸಬೇಕೆಂಬ ತಿಳಿವಳಿಕೆ ಆಗಲೇ ಬಂದಿತ್ತು.

ಸಂಶಯ ಕರಗಿದ ಮೇಲೆ ಪೂಜೆ ಬಂದಿತು. ಇದರಲ್ಲಿ ಆಶ್ಚರ್ಯವಿಲ್ಲ. ಖಂಡೇನವಮಿಯ ದಿನ ಕುಡುಗೋಲು, ಕೊಡಲಿಗಳ ಸಾಲಿಗೆ ಕಬ್ಬಿಣದ ನೇಗಿಲು ಸೇರಿತು, ಪಂಪು ಸೇರಿತು, ಟ್ರ್ಯಾಕ್ಟರು ಸೇರಿತು. 1939ರಲ್ಲಿ ಉಗಾರ ಖುರ್ದದ ಸಕ್ಕರೆ ಕಂಪನಿ ಸ್ಥಾಪನೆಯಾದಂದಿನಿಂದ ಕೃಷ್ಣೆಯ ಎರಡೂ ದಡಗಳಲ್ಲಿ ಕಬ್ಬು ಹಬ್ಬಿದೆ. ಹಂಗಾಮು ಶುರುವಾಗುವ ಮುನ್ನ ಸಕ್ಕರೆ ಕಾರಖಾನೆಗಳಲ್ಲಿ ಬಾಯ್ಲರಿಗೂ ಅರಿಸಿನ-ಕುಂಕುಮ ಏರುತ್ತದೆ. ಇದನ್ನು ನೋಡಿ ಹುಬ್ಬೇರಿಸುವ ಪಟ್ಟಣಿಗರ ಜೊತೆ ನಾನು ಸೇರಲಾರೆ. ವರ್ಷವೆಲ್ಲ ದುಡಿದ ಉಪಕರಣಕ್ಕೆ ಒಂದು ದಿನ ಬಿಡುವು ಕೊಟ್ಟು ಕೈಮುಗಿಯುವುದರಲ್ಲಿ ಉಪಕಾರ ಸ್ಮರಣೆಯಿದೆ. ಮರುದಿನ ಅದೇ ಕುಡುಗೋಲು ಹೊಲಕ್ಕೆ ಹೋಗುತ್ತದೆ. ಆ ಮರುದಿನವೇ ಬನ್ನಿ. ಬಂಗಾರವೆಂದು ಎಲೆ ಕೊಟ್ಟು, ಬಂಗಾರವೆಂದು ಎಲೆ ಪಡೆದು, ಹಿರಿಯರ ಕಾಲಿಗೆ ಬೀಳುತ್ತೇವೆ. ವಾರದಲ್ಲಿ ಬಂಗಾರವೆಲ್ಲ ಒಣಗಿ ಉದುರುತ್ತದೆ.

ದೂರದರ್ಶನದ ಪೂಜೆಯನ್ನಂತೂ ದೇಶವೇ ಕಂಡಿದೆ. 1987ರ ಜನೇವರಿ 25ರಿಂದ 1988ರ ಜುಲೈ 31ರವರೆಗೆ ಭಾನುವಾರ ಬೆಳಿಗ್ಗೆ ರಾಮಾಯಣ ಬರುತ್ತಿದ್ದಾಗ, ಸ್ನಾನ ಮಾಡಿ ಬಂದು, ಪೆಟ್ಟಿಗೆಗೆ ಹಾರ ಹಾಕಿ, ಊದುಬತ್ತಿ ಹಚ್ಚಿ, ಚಪ್ಪಲಿ ಬಿಟ್ಟು ಕುಳಿತವರು ಲೆಕ್ಕವಿಲ್ಲ. ವಿಗ್ರಹಾರಾಧನೆಗೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷಿ ಬೇಕೆ? ಆದರೂ ಅಂದಿನ ಕಂತು ಮುಗಿಯುತ್ತಿತ್ತು. ಮುಂದಿನ ಭಾನುವಾರದವರೆಗೆ ರಾಮನೂ ಇಲ್ಲ, ರಾವಣನೂ ಇಲ್ಲ. ಜನ ಎದ್ದು ಸಂತೆಗೆ, ಹೊಲಕ್ಕೆ ಹೋಗುತ್ತಿದ್ದರು.

ಕೀರ್ತನೆಗೂ ಯಕ್ಷಗಾನಕ್ಕೂ ಪೂಜೆಗೂ ಕೊನೆಯಲ್ಲಿ ಒಂದು ಮಂಗಳವಿರುತ್ತದೆ. ಮಂಗಳ ಹಾಡಿದರೆಂದರೆ ಎದ್ದು ಮನೆಗೆ ಹೋಗಲು ಅಪ್ಪಣೆಯಾದಂತೆ. 2006ರಲ್ಲಿ ಅಮೆರಿಕದ ಆಜಾ ರಾಸ್ಕಿನ್ ಎಂಬ ಯುವಕ ಗಣಕಯಂತ್ರದ ಪರದೆಗೆ ಒಂದು ಏರ್ಪಾಡು ಮಾಡಿದ: ಪುಟದ ಕೊನೆ ಮುಟ್ಟುವ ಮೊದಲೇ ಮುಂದಿನದು ತಾನಾಗಿ ಬಂದು ಅಂಟಿಕೊಳ್ಳಬೇಕು. ಓದುವವನಿಗೆ ಗುಂಡಿ ಒತ್ತುವ ಶ್ರಮ ತಪ್ಪಿಸುವುದಷ್ಟೇ ಉದ್ದೇಶ. ಆದರೆ ಶ್ರಮದೊಡನೆ ಕೊನೆಯೂ ತಪ್ಪಿಹೋಯಿತು. ಮುಂದೆ ಆತನೇ ಇದಕ್ಕಾಗಿ ಬಹಿರಂಗವಾಗಿ ಪಶ್ಚಾತ್ತಾಪಪಟ್ಟ. 2009ರ ಫೆಬ್ರುವರಿಯಲ್ಲಿ ಫೇಸ್‌ಬುಕ್ಕಿಗೆ 'ಲೈಕ್' ಗುಂಡಿ ಬಂದಿತು. ನಮ್ಮಲ್ಲಿ 2016ರ ಸೆಪ್ಟೆಂಬರದಲ್ಲಿ ಜಿಯೋ ಬಂದ ಮೇಲೆ ಅಗ್ಗದ ಇಂಟರ್ನೆಟ್ಟು ಹಳ್ಳಿ ಹಳ್ಳಿಗೂ ಇಳಿಯಿತು. ಹೀಗೆ ಮೆರವಣಿಗೆ, ಮಂತ್ರಪುಷ್ಪ, ಪ್ರಸಾದ ಎಲ್ಲವೂ ಇರುವ, ಮಂಗಳ ಒಂದು ಮಾತ್ರ ಇಲ್ಲದ ಪೂಜೆ ಸಿದ್ಧವಾಯಿತು. ಭಾರತ ಹುಣ್ಣಿಮೆಯ ಸುಮಾರಿಗೆ ನಡೆಯುವ ಚಿಂಚಲಿ ಮಾಯಕ್ಕನ ಜಾತ್ರೆಗೆ ಮಹಾರಾಷ್ಟ್ರದ ಕಡೆಯಿಂದ ಈಗಲೂ ಎತ್ತಿನ ಬಂಡಿ ಕಟ್ಟಿಕೊಂಡು ಬರುವವರಿದ್ದಾರೆ. ಅಷ್ಟು ದೂರ ಬಂಡಿಯಲ್ಲಿ ಕುಳಿತು ಬಂದು, ಭಂಡಾರ ಹಾರುವ ಹೊತ್ತಿಗೆ ದೇವಿಯನ್ನು ನೇರವಾಗಿ ನೋಡದೆ, ಎತ್ತಿ ಹಿಡಿದ ಫೋನಿನಲ್ಲಿ ಮೂಡಿದ ಅವಳ ಚಿತ್ರವನ್ನು ನೋಡುವ ಭಕ್ತರನ್ನು ನಾನು ಕಂಡಿದ್ದೇನೆ.

ಇಲ್ಲಿ ಒಂದು ಆಕ್ಷೇಪಕ್ಕೆ ಉತ್ತರ ಹೇಳಬೇಕು. ಹನ್ನೆರಡನೆಯ ಶತಮಾನದ ಶರಣರು ಗುಡಿಯ ಸ್ಥಾವರವನ್ನು ಪ್ರಶ್ನಿಸಿ, ದೇವರನ್ನು ಅಂಗೈಗೆ ತಂದರು. ಇಷ್ಟಲಿಂಗಕ್ಕೆ ವಿಸರ್ಜನೆಯಿಲ್ಲ, ಕಟ್ಟಿಕೊಂಡವನೊಡನೆ ಅದು ಮಣ್ಣಿಗೆ ಹೋಗುತ್ತದೆ. ಹಾಗಿದ್ದಮೇಲೆ ಅಂಗೈಯಲ್ಲಿಯೇ ಕುಳಿತ, ಬಿಟ್ಟಿರಲಾರದ ಫೋನಿಗೂ ಅದಕ್ಕೂ ಏನು ಭೇದ? ನೋಡಿದರೆ ಎರಡೂ ಕಪ್ಪು, ಎರಡೂ ನುಣುಪು. ಅಥಣಿಯ ಮುರುಘೇಂದ್ರ ಶಿವಯೋಗಿಗಳು (1836-1921) ಲಿಂಗಪೂಜಾನಿಷ್ಠೆಗೆ ಈ ನಾಡಿನಲ್ಲೆಲ್ಲ ಹೆಸರಾದವರು. ಅಂಥವರು ದಿಟ್ಟಿಸಿದ ಲಿಂಗದಲ್ಲಿ ಮೂಗು-ಕಣ್ಣುಗಳಿಲ್ಲ, ಕಥೆಯಿಲ್ಲ, ಬಣ್ಣವಿಲ್ಲ. ಅದು ಏನನ್ನೂ ತೋರಿಸದ ಕಾರಣ ನೋಟ ತಿರುಗಿ ನೋಡುವವನ ಕಡೆಗೇ ಬರುತ್ತದೆ. ಪೂಜೆ ತೀರಿದ ಮೇಲೆ ಅದನ್ನು ಎದೆಯ ಮೇಲೆ ಕಟ್ಟಿಕೊಂಡು ಕೈ ಕಾಯಕಕ್ಕೆ ಹೋಗಬೇಕು. ಶರಣರು ಹೇಳಿದ ಕಾಯಕದಲ್ಲಿ ಎರಡು ಕೈಗಳೂ ಬಿಡುವಾಗಿರಬೇಕೆಂಬುದು ಗೃಹೀತ. ಫೋನು ಎಲ್ಲವನ್ನೂ ತೋರಿಸುತ್ತದೆ, ನೋಡುವವನೊಬ್ಬನನ್ನು ಬಿಟ್ಟು; ಕೈಯನ್ನೂ ಬಿಡುವುದಿಲ್ಲ.

ರಾಯಬಾಗ ರಟ್ಟರ ಕಾಲದಿಂದ ಬಸದಿಗಳ ಊರು. ಸುತ್ತಮುತ್ತಲಿನ ಹಳ್ಳಿಗಳಲ್ಲಿ ಜೈನ ಒಕ್ಕಲುತನದ ಮನೆಗಳು ಇಂದಿಗೂ ಬಹಳ. ಜೈನ ಶ್ರಾವಕನ ಅಣುವ್ರತಗಳಲ್ಲಿ ಪರಿಗ್ರಹ ಪರಿಮಾಣ ಎಂಬುದೊಂದಿದೆ: ಹೊಲ, ಮನೆ, ಬೆಳ್ಳಿ, ಬಂಗಾರ, ದನ, ಧಾನ್ಯ, ಬಟ್ಟೆ-ಪಾತ್ರೆಗಳವರೆಗೆ ಇಷ್ಟಕ್ಕಿಂತ ಹೆಚ್ಚು ಇಟ್ಟುಕೊಳ್ಳುವುದಿಲ್ಲವೆಂದು ಗೃಹಸ್ಥ ಮೊದಲೇ ಮಿತಿ ಹೇಳಿಕೊಳ್ಳಬೇಕು. ಸಂಪಾದಿಸಬೇಡ ಎಂದಲ್ಲ, ಎಲ್ಲಿ ನಿಲ್ಲುತ್ತೀ ಎಂಬುದನ್ನು ಸಂಪಾದಿಸುವ ಮೊದಲೇ ಹೇಳು ಎಂದು. ಅಂಗಡಿಯ ಮಂಗಳವನ್ನು ಗಿರಾಕಿಯೇ ಹಾಡುವ ಪದ್ಧತಿ ಇದು. ಕಂತಿನ ಸಾಲದ ಮೇಲೆ ಹೊಸ ಫೋನು, ಅದು ತೀರುವ ಮೊದಲೇ ಇನ್ನೂ ಹೊಸದು ಎನ್ನುವ ಕಾಲಕ್ಕೆ ಇದು ವಿಚಿತ್ರವಾಗಿ ಕೇಳಿಸುತ್ತದೆ.

ಈ ವ್ರತವನ್ನು ಕೊನೆಯವರೆಗೆ ಒಯ್ದವರೊಬ್ಬರು ಇಲ್ಲಿಯವರೇ. ಚಿಕ್ಕೋಡಿ ಸೀಮೆಯ ಭೋಜ ಗ್ರಾಮದಲ್ಲಿ ಬೆಳೆದ ಆಚಾರ್ಯ ಶಾಂತಿಸಾಗರರು (1872-1955) 1920ರಲ್ಲಿ ಮುನಿದೀಕ್ಷೆ ಪಡೆದು, ಮೈಮೇಲಿನ ಬಟ್ಟೆಯನ್ನೂ ಬಿಟ್ಟು ದೇಶ ನಡೆದವರು. 1955ರಲ್ಲಿ ಕುಂಥಲಗಿರಿಯಲ್ಲಿ ಸಲ್ಲೇಖನ ಕೈಗೊಂಡು ಸೆಪ್ಟೆಂಬರ 18ರಂದು ದೇಹ ಬಿಟ್ಟರು. ಅದಕ್ಕೆ ಕೆಲವು ದಿನ ಮೊದಲು ಅವರ ಕೊನೆಯ ಉಪದೇಶವನ್ನು ಭಕ್ತರು ಧ್ವನಿಮುದ್ರಣ ಯಂತ್ರದಲ್ಲಿ ಹಿಡಿದಿಟ್ಟರು. ಏನೂ ಇಲ್ಲದ ಮನುಷ್ಯನ ಮುಂದೆ ಯಂತ್ರ ಬಂದಿತು, ತನ್ನ ಕೆಲಸ ಮಾಡಿತು, ಮಾತು ತೀರಿದಾಗ ನಿಂತಿತು. ಆ ಧ್ವನಿಯನ್ನು ಇಂದು ಮೊಬೈಲಿನಲ್ಲಿಯೂ ಕೇಳಬಹುದು. ಅದು ಮುಗಿದೊಡನೆ, ನಾವು ಕೇಳದಿದ್ದರೂ, ಇನ್ನೇನೋ ಒಂದು ತಾನಾಗಿ ಆರಂಭವಾಗುತ್ತದೆ.

ಹಾಗಾದರೆ ಮಂಗಳ ಹಾಡುವವರು ಯಾರು? ಕೆಲವು ಊರುಗಳು ತಾವೇ ಮುಂದೆ ಬಂದವು. ಕಿರ್ಲೋಸ್ಕರವಾಡಿಗೆ ದೂರವಲ್ಲದ, ಸಾಂಗಲಿ ಜಿಲ್ಲೆಯ ಮೋಹಿತ್ಯಾಂಚೆ ವಡಗಾವದಲ್ಲಿ 2022ರಲ್ಲಿ ಊರವರು ಕೂಡಿ ಒಂದು ಕಟ್ಟಳೆ ಮಾಡಿಕೊಂಡರು. ಸಂಜೆ ಏಳಕ್ಕೆ ಗುಡಿಯಿಂದ ಸೈರನ್ ಕೂಗಿದೊಡನೆ ಫೋನು, ಟಿ.ವಿ. ಎರಡನ್ನೂ ಆರಿಸಿಡಬೇಕು, ಒಂದೂವರೆ ತಾಸು ಮಕ್ಕಳು ಓದಬೇಕು, ದೊಡ್ಡವರು ಮಾತಾಡಬೇಕು. ಅನಂತರ ನಮ್ಮ ಬೆಳಗಾವಿಯ ಮಗ್ಗುಲಿನ ಹಲಗಾ ಗ್ರಾಮದವರೂ ಇದೇ ಬಗೆಯ ನಿಯಮ ತಂದರು. ಅಲ್ಲಿ ಅವಧಿ ಏಳರಿಂದ ಒಂಬತ್ತು. ಸೈರನ್ನೂ ಒಂದು ಯಂತ್ರವೇ ಅಲ್ಲವೆ ಎಂದು ಕುಹಕಿಗಳು ನಗಬಹುದು, ನಗಲಿ. ಇಂಥ ಕಟ್ಟಳೆ ಎಷ್ಟು ದಿನ ಬಾಳಿತು ಎಂಬುದಕ್ಕಿಂತ, ಒಂದು ಊರು ಕೂಡಿ ಕುಳಿತು ಇದನ್ನು ಚರ್ಚಿಸಿತು ಎಂಬುದೇ ನನಗೆ ದೊಡ್ಡದಾಗಿ ಕಾಣುತ್ತದೆ. ಕಬ್ಬಿಣದ ನೇಗಿಲಿನ ಮುಂದೆ ಎರಡು ವರ್ಷ ನಿಂತ ರೈತನ ಪ್ರಶ್ನೆಯನ್ನೇ ಅವನ ಮರಿಮಕ್ಕಳು ಮತ್ತೆ ಕೇಳಿದ್ದಾರೆ. ಈ ಸಲ ಅವರು ಚಿಂತಿಸಿದ್ದು ನೆಲದ ಬಗೆಗಲ್ಲ, ಮನೆಯೊಳಗಿನ ಮಕ್ಕಳ ಬಗೆಗೆ.